ಜೀಗುಜ್ಜೆ ಮರದಡಿಯ ಯಥಾಸ್ಥಿತಿ

ಜೆಪ್ಪು, ಮಂಗಳೂರು
18 ಜೂನ್ 2024

ಕುಮಾರಿ ಫಿಯೋನಾ ರೆಬೆಲ್ಲೊ ಅವರಿಗೆ,

ವಿಷಯ: ದಾವೆಯ ಜಾಗದಲ್ಲಿರುವ ಜೀಗುಜ್ಜೆ ಮರದ ಕಾಯಿಗಳ ಬಗ್ಗೆ.

ನಮ್ಮ ತಂದೆಯವರ ವಿಲ್ ಪ್ರಕಾರ ಜೆಪ್ಪುವಿನ ಮನೆಯೂ ಅದರ ಪಕ್ಕದ ಖಾಲಿ ಜಾಗವೂ ನನಗೆ ಸೇರಿದ್ದೆಂದು ಸಿವಿಲ್ ಕೋರ್ಟು ತೀರ್ಪು ಕೊಟ್ಟಿದೆ. ಖಾಲಿ ಜಾಗದಲ್ಲಿ ಅರ್ಧ ನಿಮ್ಮದೆಂದು ನೀವು ಮೇಲ್ಮನವಿ ಹಾಕಿದ್ದೀರಿ. ಅದು ಇತ್ಯರ್ಥ ಆಗುವ ತನಕ ನಾನು ಆ ಜಾಗವನ್ನು ಮಾರಬಾರದು, ಅದರ ಸ್ವರೂಪ ಬದಲಾಯಿಸಬಾರದು, ಯಥಾಸ್ಥಿತಿ ಕಾಪಾಡಬೇಕು ಎಂದು ಕಳೆದ ಮಾರ್ಚ್‌ನಲ್ಲಿ ತಾತ್ಕಾಲಿಕ ತಡೆಯಾಜ್ಞೆ ಆಗಿದೆ. ಇದೆಲ್ಲ ನಿಮಗೆ ಗೊತ್ತಿರುವುದೇ. ಆದರೂ ಮೊದಲು ಇದನ್ನು ಬರೆದು ಆಮೇಲೆ ವಿಷಯಕ್ಕೆ ಬರಬೇಕೆಂದು ನಮ್ಮ ವಕೀಲ ಮುಖೇಶ್ ಹೇಳಿದ್ದಾರೆ. ಫೋನ್ ಬೇಡ, ವಾಟ್ಸಾಪ್ ಬೇಡ, ಎಂತ ಇದ್ದರೂ ಕಾಗದದಲ್ಲಿ, ಅದೂ ಕನ್ನಡದಲ್ಲಿ. ಕೊಂಕಣಿಯಲ್ಲಿ ಬರೆದರೆ ನಾಳೆ ಕೋರ್ಟಿಗೆ ಭಾಷಾಂತರ ಮಾಡಿಸಬೇಕಾಗ್ತದಂತೆ.

ಈಗ ವಿಷಯ. ಮರದಲ್ಲಿ ಈ ವರ್ಷ ವಿಪರೀತ ಕಾಯಿ. ತಡೆಯಾಜ್ಞೆ ಇರುವುದರಿಂದ ನಾನು ಒಂದನ್ನೂ ಮುಟ್ಟಿಲ್ಲ. ಹಣ್ಣಾಗಿ ಉದುರಿ ಅಂಗಳವಿಡೀ ಹುಳಿ ವಾಸನೆ. ಮೊನ್ನೆ ಒಂದು ಹಣ್ಣು ಗೋಡೆಯಾಚೆ ಪಕ್ಕದ ಮನೆ ರಿಯಾಝ್‌ನ ಹೊಸ ಕಾರಿನ ಮೇಲೆ ಬಿತ್ತು. ಅವನು ಬಂದು, "ಡೆನ್ಜಿಲಣ್ಣ, ನೀವು ಅಣ್ಣ ತಂಗಿ ಜಗಳ ಮಾಡಿ, ನಂಗೆ ಬೇಜಾರಿಲ್ಲ. ಆದ್ರೆ ಬಾನೆಟಿಗೆ ಎಂತಕ್ಕೆ ಶಿಕ್ಷೆ?" ಎಂದ.

ಕಾಯಿ ಕೀಳುವುದು ಸ್ವರೂಪ ಬದಲಾಯಿಸಿದ ಹಾಗೆ ಆಗ್ತದೋ ಇಲ್ಲವೋ ಎಂದು ಮುಖೇಶ್‌ಗೂ ಖಚಿತ ಇಲ್ಲ. ಹಾಗಾಗಿ ನಿಮ್ಮ ಲಿಖಿತ ಒಪ್ಪಿಗೆ ಕೋರುತ್ತೇನೆ.

ಇತಿ,
ಡೆನ್ಜಿಲ್ ರೆಬೆಲ್ಲೊ
(ಮೇಲ್ಮನವಿಯ ಎದುರುದಾರ)


ಮಣ್ಣಗುಡ್ಡ
26 ಜೂನ್ 2024

ಶ್ರೀ ಡೆನ್ಜಿಲ್ ರೆಬೆಲ್ಲೊ ಅವರಿಗೆ,

ನಿಮ್ಮ ಕಾಗದ ತಲುಪಿತು. ಅದನ್ನು ನನ್ನ ವಕೀಲೆ ನಳಿನಾಕ್ಷಿಯವರಿಗೆ ತೋರಿಸಿದೆ. ಅವರು ಕನ್ನಡಕ ತೆಗೆದು ಬಹಳ ಹೊತ್ತು ನಕ್ಕರು. "ಎಂತ ಮಾರಾಯ್ರೆ, ಜೀಗುಜ್ಜೆ ಕೀಳ್ಲಿಕ್ಕೆ ಕೋರ್ಟು ಯಾರಿಗಾದ್ರೂ ಬೇಡ ಹೇಳ್ತದಾ? ಮರ ಕಡೀಬಾರ್ದು ಅಷ್ಟೆ" ಎಂದರು. ಆಮೇಲೆ ಗಂಭೀರವಾಗಿ, "ಆದ್ರೂ ಕೇಳಿದ್ದಾರಲ್ಲ, ಬರೆದೇ ಕೊಡಿ. ಹೀಗೆ ಕೇಳುವ ಎದುರುದಾರ ನನಗೆ ಈ ತನಕ ಸಿಕ್ಕಿಲ್ಲ" ಎಂದರು.

ಆದ್ದರಿಂದ: ಜೀಗುಜ್ಜೆ ಕೀಳಲು ನನ್ನ ಒಪ್ಪಿಗೆ ಇದೆ. ಕಾಯಿಯ ಮೇಲೆ ಮೇಣದ ಹಾಲಿನ ಕಲೆ ಕಾಣಿಸಿಕೊಂಡ ಮೇಲೆಯೇ ಕೀಳಬೇಕು, ಎಳೆಯದನ್ನು ಕಿತ್ತರೆ ಬೇಯಿಸಿದಾಗ ಚಪ್ಪೆಯಾಗುತ್ತದೆ. ಇದು ನಿಮಗೆ ನೆನಪಿದೆಯೋ ಇಲ್ಲವೋ. ಬಹರೈನ್‌ನಲ್ಲಿ ಇಷ್ಟು ವರ್ಷ ಜೀಗುಜ್ಜೆ ಕಂಡಿರಲಾರಿರಿ. ದೋಟಿಯ ತುದಿಗೆ ಬಲೆ ಕಟ್ಟಿಕೊಳ್ಳಿ, ನೆಲಕ್ಕೆ ಬಿದ್ದ ಕಾಯಿ ಒಳಗೇ ಕಪ್ಪಾಗುತ್ತದೆ. ಪಪ್ಪ ಹಳೆಯ ಸೊಳ್ಳೆ ಪರದೆಯನ್ನು ಕಟ್ಟುತ್ತಿದ್ದರು.

ರಿಯಾಝ್‌ಗೂ ಕೊಡಿ.

ಫಿಯೋನಾ ರೆಬೆಲ್ಲೊ
(ಮೇಲ್ಮನವಿದಾರೆ)


ಜೆಪ್ಪು
9 ಜುಲೈ 2024

ಫಿಯೋನಾ,

"ಅವರಿಗೆ" ಎಂದು ಬರೆದರೆ ಬೇರೆ ಯಾರಿಗೋ ಬರೆದ ಹಾಗೆ ಆಗ್ತದೆ. ಈ ಸಲ ಬಿಟ್ಟಿದ್ದೇನೆ. ಮುಖೇಶ್ ಬೇಡ ಅಂದರೆ ಮುಂದಿನ ಸಲ ಸೇರಿಸ್ತೇನೆ.

ಚೀಲದಲ್ಲಿ ಜೀಗುಜ್ಜೆ ಉಂಟು. ಎಲ್ಲ ಹಾಲಿನ ಕಲೆ ನೋಡಿಯೇ ಕಿತ್ತದ್ದು. ಮಗಳು ಮೆಲಿಸಾ ಸ್ಕೂಟರ್‌ನಲ್ಲಿ ತರ್ತಾಳೆ. ಅವಳು ಕೇಸಿನಲ್ಲಿ ಪಾರ್ಟಿ ಅಲ್ಲ, ಹಾಗಾಗಿ ನಿನ್ನ ಹತ್ತಿರ ಮಾತಾಡಬಹುದಂತೆ. ನಾನು ಹೊಸ ಸೊಳ್ಳೆ ಪರದೆಯನ್ನೇ ದೋಟಿಗೆ ಕಟ್ಟಿದ್ದಕ್ಕೆ ಡಾಲಿ ಒಂದು ದಿನ ಮಾತು ಬಿಟ್ಟಿದ್ದಳು. ಎರಡನೇ ದಿನ ಪೋಡಿ ಕರಿದಳು. ತಿಂದೆವು. ಮಮ್ಮಿ ಮಾಡುತ್ತಿದ್ದ ಹಾಗೆ ಹೊರಗೆ ಗರಿಗರಿ ಒಳಗೆ ಬೆಣ್ಣೆ ಆಗಲಿಲ್ಲ. ಅಕ್ಕಿ ಹಿಟ್ಟು ಎಷ್ಟು ಹಾಕಬೇಕು ಎಂದು ಡಾಲಿ ಕೇಳಿದ್ದಾಳೆ. ಇದಕ್ಕೆ ಉತ್ತರ ಕೊಟ್ಟರೆ ನಿನ್ನ ಮೇಲ್ಮನವಿಗೆ ತೊಂದರೆ ಆಗಲಿಕ್ಕಿಲ್ಲ.

ಒಂದು ಸುದ್ದಿ. ಮೆಲಿಸಾಳಿಗೆ ಮದುವೆ ನಿಶ್ಚಯ ಆಯಿತು. ಹುಡುಗ ಎಲ್ರೊಯ್, ಇಲ್ಲೇ ಆಸ್ಪತ್ರೆಯಲ್ಲಿ ನರ್ಸ್, ಅವಳ ಜೊತೆಯೇ ಕೆಲಸ. ಜನವರಿಯಲ್ಲಿ ಮದುವೆ. ನೀನು ಅವಳ ಗಾಡ್‌ಮದರ್. ಆ ಲೆಕ್ಕದಲ್ಲಿ ತಿಳಿಸಿದ್ದು.

ಮತ್ತೊಂದು ಮಾತು ಕೇಳುತ್ತೇನೆ. ಬಿಲ್ಡರ್ ವಾರಕ್ಕೊಮ್ಮೆ ಫೋನ್ ಮಾಡ್ತಾನೆ. ತಡೆಯಾಜ್ಞೆ ತೆರವಾದ ದಿನವೇ ಎಗ್ರಿಮೆಂಟ್ ಅಂತಾನೆ. ಮಾರಿದರೆ ಅರ್ಧ ಹಣ ನಿನಗೆ ಕೊಡ್ತೇನೆ ಎಂದು ನಾನು ಕೇಸಿಗೆ ಮೊದಲೇ ಹೇಳಿದ್ದೆ. ನೀನು ಬೇಡ ಅಂದೆ. ಹಣ ಬೇಡವಾದರೆ ನಿನಗೆ ಎಂತ ಬೇಕು? ಜಗಳಕ್ಕೆ ಕೇಳುವುದಲ್ಲ. ನಿಜವಾಗಿ ನನಗೆ ಗೊತ್ತಿಲ್ಲ.

ಡೆನ್ಜಿಲ್


ಮಣ್ಣಗುಡ್ಡ
31 ಆಗಸ್ಟ್ 2024

ಡೆನ್ಜಿಲ್,

ನಿನ್ನ ಪ್ರಶ್ನೆಗೆ ಉತ್ತರ ಬರೆಯಲು ಕೂತು ಮೂರು ಸಲ ಎದ್ದಿದ್ದೇನೆ. ಕಾಲೇಜಿನಲ್ಲಿ ದಿನವೂ ಮಕ್ಕಳಿಗೆ ಕವಿತೆ ಕಲಿಸುವವಳಿಗೆ ನಾಲ್ಕು ಸಾಲು ನೇರವಾಗಿ ಬರೆಯುವುದು ಇಷ್ಟು ಕಷ್ಟವಾಗಬಾರದಿತ್ತು.

ಅಕ್ಕಿ ಹಿಟ್ಟು ಸ್ವಲ್ಪವೇ ಸಾಕು ಎಂದು ಡಾಲಿ ವೊನಿಗೆ ಹೇಳು (ಅತ್ತಿಗೆ ಎಂದು ಬರೆಯಲು ಕೈ ಬರುವುದಿಲ್ಲ). ಹೋಳುಗಳಿಗೆ ಮೆಣಸು, ಅರಸಿನ, ಉಪ್ಪು ಹಚ್ಚಿ ಅರ್ಧ ಗಂಟೆ ಬಿಡಬೇಕು. ಹಿಟ್ಟಿಗಿಂತ ಆ ಕಾಯುವುದು ಮುಖ್ಯ.

ಪಪ್ಪ ವಿಲ್ ಬರೆದಾಗ ನನಗೆ ಇಪ್ಪತ್ತಮೂರು. ಮಗಳು ಮದುವೆಯಾಗಿ ಹೋಗುವವಳಾದ್ದರಿಂದ ಅವಳಿಗೆ ಒಡವೆ, ಮಗನಿಗೆ ಮನೆ ಮತ್ತು ಜಾಗ ಎಂದು ಅದರಲ್ಲಿದೆ. ಮಗಳು ಮದುವೆಯಾಗಲಿಲ್ಲ, ಹೋಗಲೂ ಇಲ್ಲ. ಪಪ್ಪನ ಕೊನೆಯ ದಿನದವರೆಗೆ ಅದೇ ಮನೆಯಲ್ಲಿದ್ದಳು. ಸಂಜೆ ನಾವಿಬ್ಬರೂ ಮರದ ಕೆಳಗೆ ಕುರ್ಚಿ ಹಾಕಿ ಕೂರುತ್ತಿದ್ದೆವು. "ಈ ಜಾಗ ನಿನಗೆ" ಎಂದು ಅವರು ಎಷ್ಟು ಸಲ ಹೇಳಿದರೋ. ವಿಲ್ ಬದಲಾಯಿಸಿ ಎಂದು ನಾನು ಕೇಳಲಿಲ್ಲ, ಅವರೂ ನೆನಪು ಮಾಡಿಕೊಳ್ಳಲಿಲ್ಲ. ಮರದಡಿಯ ಮಾತಿಗೆ ಸಾಕ್ಷಿ ಇಲ್ಲ. ಹಾಗಾಗಿ ಕೆಳಗಿನ ಕೋರ್ಟಿನಲ್ಲಿ ಸೋತೆ. ಮೇಲ್ಮನವಿಯಲ್ಲೂ ಸೋಲಬಹುದು ಎಂದು ನಳಿನಾಕ್ಷಿ ಮೊದಲ ದಿನವೇ ಹೇಳಿದ್ದಾರೆ. ಆ ಜಾಗಕ್ಕೂ ಬಿಲ್ಡರ್‌ನ ಜೆಸಿಬಿಗೂ ನಡುವೆ ಇರುವುದು ಆ ತಡೆಯಾಜ್ಞೆ ಒಂದೇ. ಇದನ್ನು ನಿನಗೆ ಬರೆಯಬಾರದು. ಬರೆದಿದ್ದೇನೆ.

ನೀವೆಲ್ಲ ಬಹರೈನ್‌ನಿಂದ ಬಂದ ಮೇಲೆ ನಾನು ಕದ್ರಿಗೆ ಹೋದೆ, ಆಮೇಲೆ ಬಿಜೈ, ಈಗ ಇಲ್ಲಿ. ಪ್ರತಿ ಸಲ ಮನೆ ಮಾಲೀಕರ ಮಗ ಬರುತ್ತಾನೆ, ಇಲ್ಲವೇ ಮಗಳ ಬಾಣಂತನ ಬರುತ್ತದೆ. ನನ್ನ ಪುಸ್ತಕಗಳಲ್ಲಿ ಅರ್ಧ ಇನ್ನೂ ರಟ್ಟಿನ ಪೆಟ್ಟಿಗೆಯಲ್ಲೇ ಇವೆ. ಹೊರಗೆ ತೆಗೆದರೆ ಮತ್ತೆ ತುಂಬಬೇಕಲ್ಲ ಎಂಬ ಸೋಮಾರಿತನ. ಇಲ್ಲಿ ಮೇಲಿನ ಮನೆಯವರು ಒಳ್ಳೆಯವರು, ಆದರೆ ನಾನು ಗಟ್ಟಿಯಾಗಿ ಕವಿತೆ ಓದಿಕೊಂಡರೆ "ಮಿಸ್, ಯಾರಾದ್ರೂ ಬಂದಿದ್ದಾರಾ?" ಎಂದು ಮೆಟ್ಟಿಲಿನಿಂದ ಕೇಳುತ್ತಾರೆ.

ನನಗೆ ಬೇಕಾದದ್ದು ಎರಡು ಕೋಣೆ. ಒಂದರಲ್ಲಿ ಮಲಗಲು, ಒಂದರಲ್ಲಿ ಪುಸ್ತಕ. ಒಂದು ಚಿಕ್ಕ ಅಡಿಗೆಮನೆ, ಜಗಲಿ. ಜೀಗುಜ್ಜೆ ಮರದ ಕಡೆಗೆ ಒಂದು ಕಿಟಕಿ. ಖಾಲಿ ಮಾಡು ಎಂದು ಯಾರೂ ಹೇಳದ ಮನೆ. ಅದನ್ನು ಹಣದಿಂದ ಬೇರೆ ಕಡೆ ಕೊಳ್ಳಬಹುದೇನೋ. ಆದರೆ ಆ ಕಿಟಕಿಯನ್ನು ಬೇರೆ ಕಡೆ ಇಡಲಾಗುವುದಿಲ್ಲ.

ದಾವೆಯ ಕಾಗದದಲ್ಲಿ ಇದೆಲ್ಲ ಇಲ್ಲ. ಅದರಲ್ಲಿ "ಅರ್ಧ ಹಿಸ್ಸೆ" ಎಂದಿದೆ. ನಿನಗೆ ಬಾಯಿಬಿಟ್ಟು ಹೇಳಲೂ ಇಲ್ಲ, ಏಕೆಂದರೆ ಮರಕ್ಕೆ ನೇತುಹಾಕಿದ್ದ "ಮಾರಾಟಕ್ಕಿದೆ" ಬೋರ್ಡನ್ನು ನಾನು ಬಸ್ಸಿನ ಕಿಟಕಿಯಿಂದ ನೋಡಿದೆ. ಅದಾದ ಮೇಲೆ ಹೇಳುವ ಮನಸ್ಸಾಗಲಿಲ್ಲ.

ಇದಕ್ಕೆ ಉತ್ತರ ಬರೆಯಬೇಡ. ಮೆಲಿಸಾ ಎಲ್ರೊಯ್‌ನನ್ನು ಕರೆತಂದಿದ್ದಳು. ಅವನು ಪೆಟ್ಟಿಗೆಯ ಮೇಲೆ ಕೂತು ಚಾ ಕುಡಿದ. ಒಳ್ಳೆಯ ಹುಡುಗ.

ಫಿಯೋನಾ


ಜೆಪ್ಪು
21 ಅಕ್ಟೋಬರ್ 2024

ಕುಮಾರಿ ಫಿಯೋನಾ ರೆಬೆಲ್ಲೊ ಅವರಿಗೆ,

ವಿಷಯ: ದಾವೆಯ ಜಾಗದಲ್ಲಿ ಮದುವೆಯ ಚಪ್ಪರ ಹಾಕಲು ಒಪ್ಪಿಗೆ ಕೋರಿ.

(ಇದನ್ನು ಮುಖೇಶ್ ಅವರೇ ಕೂತು ಬರೆಸಿದ್ದು. ಹಾಗಾಗಿ ಮತ್ತೆ "ಅವರಿಗೆ".)

ನನ್ನ ಮಗಳು ಮೆಲಿಸಾಳ ಮದುವೆ ಜನವರಿ 8ರಂದು. ಹಿಂದಿನ ಸಂಜೆ ಮನೆಯಲ್ಲಿ ರೋಸ್ ಶಾಸ್ತ್ರ. ಮನೆಯ ಎದುರಿನ ಅಂಗಳದಲ್ಲಿ ಅಷ್ಟು ಜನ ಹಿಡಿಯುವುದಿಲ್ಲ. ಹುಡುಗಿಯ ತಲೆಗೆ ತೆಂಗಿನ ಹಾಲು ಹಾಕಲು ನೆಂಟರು ಸಾಲು ನಿಂತರೆ ಸಾಲಿನ ಕೊನೆ ರಸ್ತೆಯಲ್ಲಿರುತ್ತದೆ. ಆದ್ದರಿಂದ ಪಕ್ಕದ ಖಾಲಿ ಜಾಗದಲ್ಲಿ ಚಪ್ಪರ ಹಾಕಬೇಕಾಗಿದೆ. ಚಪ್ಪರಕ್ಕೆ ಕಂಬ, ಕಂಬಕ್ಕೆ ಗುಂಡಿ. ಗುಂಡಿ ತೋಡಿದರೆ ಜಾಗದ ಸ್ವರೂಪ ಬದಲಾಗುವುದರಿಂದ, ನಿಮ್ಮ ಒಪ್ಪಿಗೆಯಿಲ್ಲದೆ ತೋಡಿದರೆ ಅದು ಕೋರ್ಟಿನ ಆಜ್ಞೆಯ ಉಲ್ಲಂಘನೆ ಆಗಬಹುದು.

ಚಪ್ಪರ ತಾತ್ಕಾಲಿಕ. ಮದುವೆ ಮುಗಿದು ಹದಿನೈದು ದಿನಗಳ ಒಳಗೆ ಅದನ್ನು ಬಿಚ್ಚಿ, ಗುಂಡಿಗಳನ್ನು ಮುಚ್ಚಿ, ಜಾಗವನ್ನು ಮೊದಲಿದ್ದ ಸ್ಥಿತಿಗೆ ತರುವುದಾಗಿ ಈ ಮೂಲಕ ಮಾತು ಕೊಡುತ್ತೇನೆ.

ಡೆನ್ಜಿಲ್ ರೆಬೆಲ್ಲೊ
(ಎದುರುದಾರ)

ಫಿಯೋನಾ, ನಾನು ಡಾಲಿ. ಕವರ್ ಅಂಟಿಸುವ ಮೊದಲು ಬರೀತಿದ್ದೇನೆ, ಇವರಿಗೆ ಗೊತ್ತಿಲ್ಲ. ಇವರು ನಿನ್ನ ಆಗಸ್ಟ್ ಕಾಗದ ಫೈಲಿನಲ್ಲಿ ಇಟ್ಟಿಲ್ಲ. ಮುಖೇಶ್ ಕೇಳಿದರೆ ಬರಲೇ ಇಲ್ಲ ಅಂದರು. ಕಾಗದ ಇವರ ಪ್ರಾರ್ಥನಾ ಪುಸ್ತಕದೊಳಗೆ ಉಂಟು. ಪೋಡಿ ಈಗ ಚೆನ್ನಾಗಿ ಆಗ್ತದೆ.


ಮಣ್ಣಗುಡ್ಡ
4 ನವೆಂಬರ್ 2024

ಡೆನ್ಜಿಲ್,

ಚಪ್ಪರಕ್ಕೆ ನನ್ನ ಒಪ್ಪಿಗೆ ಇದೆ. ನಳಿನಾಕ್ಷಿ ಅದನ್ನು ಮುದ್ರೆಯ ಕಾಗದದಲ್ಲಿ ಬೇರೆಯೇ ಕಳುಹಿಸಿದ್ದಾರೆ. ಅವರ ಷರತ್ತುಗಳು ಅದರಲ್ಲಿವೆ. ನನ್ನದು ಇಲ್ಲಿ: ಮರದ ಬುಡಕ್ಕೆ ತೀರ ಹತ್ತಿರ ತೋಡಬೇಡ. ಜೀಗುಜ್ಜೆಯ ಬೇರು ಮೇಲುಮೇಲೆಯೇ ಓಡುತ್ತದೆ. ಗುದ್ದಲಿ ತಾಗಿದಲ್ಲಿ ಹೊಸ ಸಸಿ ಏಳುತ್ತದೆ, ಆಮೇಲೆ ಅದರ ಒಡೆತನದ ಬಗ್ಗೆ ನಾವು ಇನ್ನೊಂದು ದಾವೆ ಹೂಡಬೇಕಾಗುತ್ತದೆ.

ನಿನ್ನ ಮದುವೆಯ ಚಪ್ಪರವೂ ಅಲ್ಲೇ ಇತ್ತು. ನಮ್ಮ ಮನೆಯ ಪದ್ಧತಿ ನಿನಗೆ ನೆನಪಿರಬಹುದು. ಮೊದಲ ಕಂಬ ಊರುವಾಗ ಮನೆಯ ಹೆಣ್ಣುಮಗಳು ಅದನ್ನು ಹಿಡಿದು ನಿಲ್ಲಬೇಕು, ಗಂಡಸು ಸುತ್ತ ಮಣ್ಣು ತುಂಬಬೇಕು. ಅಜ್ಜಿಯನ್ನು ಇದರ ಕಾರಣ ಕೇಳಿದರೆ, "ಕಂಬ ವಾಲಿದರೆ ಬೈಯಲಿಕ್ಕೆ ಒಬ್ಬಳು ಬೇಡವಾ?" ಎನ್ನುತ್ತಿದ್ದರು. ನಿನ್ನ ಚಪ್ಪರದ ಕಂಬ ಹಿಡಿದದ್ದು ನಾನು. ಪಪ್ಪ ಮಣ್ಣು ತುಂಬಿದರು. ತೆಂಗಿನ ಹಸಿ ಮಡಲಿನ ವಾಸನೆ ಈಗಲೂ ನೆನಪಾಗುತ್ತದೆ.

ಈ ಸಲ ಯಾರು ಹಿಡಿಯುತ್ತಾರೆಂದು ನೀನು ಬರೆದಿಲ್ಲ. ನಾನು ಕೇಳುತ್ತಿಲ್ಲ.

ಫಿಯೋನಾ


ಜೆಪ್ಪು
15 ಡಿಸೆಂಬರ್ 2024

ಪ್ರೀತಿಯ ಫಿಯೋನಾ ಆಂಟಿ,

ನೀವಿಬ್ಬರೂ ಕಾಗದ ಬರೆಯುವುದು ನೋಡಿ ನನಗೂ ಆಸೆ ಆಯ್ತು. ಮತ್ತೆ ಎದುರು ಕೂತು ಹೇಳಿದರೆ ನೀವು "ಚಾ ಕುಡೀತೀಯಾ" ಅಂತ ಮಾತು ಬದಲಾಯಿಸ್ತೀರಿ. ತಪ್ಪುಗಳನ್ನು ಕೆಂಪು ಪೆನ್ನಲ್ಲಿ ತಿದ್ದಬೇಡಿ, ಪ್ಲೀಸ್.

ಇಲ್ಲಿ ದೊಡ್ಡ ಕಾಮಿಡಿ ಆಗಿದೆ. ಚಪ್ಪರದ ಪೂವಪ್ಪಣ್ಣ ಜಾಗ ನೋಡ್ಲಿಕ್ಕೆ ಬಂದಿದ್ರು. ಡ್ಯಾಡಿ ನಿಮ್ಮ ಒಪ್ಪಿಗೆ ಕಾಗದ ಕೈಯಲ್ಲಿ ಹಿಡ್ಕೊಂಡು ಗುಂಡಿ ಎಲ್ಲೆಲ್ಲಿ ತೋಡಬಹುದು, ಎಲ್ಲಿ ತೋಡಬಾರದು ಅಂತ ಲೆಕ್ಚರ್ ಕೊಟ್ರು. ಪೂವಪ್ಪಣ್ಣ ಎಲ್ಲ ಕೇಳಿ, "ಗುಂಡಿಯಾ? ಎಂತಕ್ಕೆ ಸಾರ್? ಈಗ ಯಾರು ಗುಂಡಿ ತೋಡ್ತಾರೆ? ಎಲ್ಲ ಕಬ್ಬಿಣದ ಪೈಪು, ಕೆಳಗೆ ಪ್ಲೇಟು. ನಿಲ್ಲಿಸಿದ್ರೆ ಆಯ್ತು. ನೀವು ಯಾವ ಕಾಲದಲ್ಲಿದ್ದೀರಿ ಮಾರಾಯ್ರೆ!" ಅಂದ್ರು.

ಆಂಟಿ, ಡ್ಯಾಡಿ ಮುಖ ನೀವು ನೋಡಬೇಕಿತ್ತು! ಇಬ್ಬರು ವಕೀಲರು, ಮುದ್ರೆಯ ಕಾಗದ, ಷರತ್ತು, ಎಲ್ಲ ಇಲ್ಲದ ಗುಂಡಿಗೆ. ಮಮ್ಮಿ ನಗು ತಡೀಲಿಕ್ಕಾಗದೆ ಒಳಗೆ ಓಡಿದ್ರು. ಡ್ಯಾಡಿ ಮರದ ಬುಡದವರೆಗೆ ಹೋಗಿ ತಿರುಗಿ ಬಂದ್ರು. ಆಮೇಲೆ ಹೇಳಿದ್ರು, "ಬೇರೆ ಎಲ್ಲ ಪೈಪು ಹಾಕು. ಮರದ ಹತ್ತಿರ ನಾಲ್ಕು ಮೂಲೆಗೆ ಗುಂಡಿ ಬೇಕು, ಅಡಿಕೆ ಮರದ ಕಂಬ ಬೇಕು. ಪರ್ಮಿಶನ್ ಆಗಿದೆ." ಪೂವಪ್ಪಣ್ಣ, "ಪರ್ಮಿಶನ್ ಆಗಿದೆ ಅಂತ ಗುಂಡಿ ತೋಡುದಾ ಸಾರ್?" ಅಂತ ಕೇಳಿದ್ದಕ್ಕೆ, "ಹೌದು, ಹಾಳು ಮಾಡ್ಲಿಕ್ಕಿಲ್ಲ" ಅಂದ್ರು. ಅವತ್ತಿನಿಂದ ಸಂಜೆ ಟೇಪ್ ಹಿಡ್ಕೊಂಡು ಅಳೀತಾ ಇರ್ತಾರೆ. ಒಂದು ಗೂಟ ಹೊಡೀತಾರೆ, ಕೀಳ್ತಾರೆ, ಅರ್ಧ ಅಡಿ ಆಚೆ ಹೊಡೀತಾರೆ. ಚಪ್ಪರಕ್ಕೆ ಇಷ್ಟು ಲೆಕ್ಕಾಚಾರ ಯಾರು ಮಾಡ್ತಾರೆ? ಮದುವೆ ಹತ್ತಿರ ಬಂದು ತಲೆ ಕೆಟ್ಟಿದೆ ಅಂತ ಮಮ್ಮಿ.

ಆಂಟಿ, ಒಂದು ಸೀರಿಯಸ್ ಮಾತು. ರೋಸ್‌ಗೆ ನೀವು ಬರಬೇಕು. ಮಮ್ಮಿ ಡ್ಯಾಡಿ ಆದ ಮೇಲೆ ಗಾಡ್‌ಮದರ್ ನನ್ನ ತಲೆಗೆ ಹಾಲು ಹಾಕಬೇಕು. ನೀವು ಬರದಿದ್ದರೆ ಆ ಜಾಗದಲ್ಲಿ ಯಾರನ್ನೂ ನಿಲ್ಲಿಸಬೇಡಿ ಅಂತ ಹೇಳಿದ್ದೇನೆ. ಅದೂ ಖಾಲಿ ಜಾಗವೇ ಆಗಿರಲಿ.

ನಿಮ್ಮ
ಮೆಲಿಸಾ


ಜೆಪ್ಪು
28 ಡಿಸೆಂಬರ್ 2024

ಫಿಯೋನಾ,

ಜನವರಿ 4, ಶನಿವಾರ ಬೆಳಿಗ್ಗೆ ಕಂಬ ಊರುತ್ತೇವೆ. ನೀನು ಬಂದು ಹಿಡಿಯಬೇಕು.

ಇದನ್ನು ಮುಖೇಶ್ ನೋಡಿಲ್ಲ.

ಡೆನ್ಜಿಲ್


ಮಣ್ಣಗುಡ್ಡ
2 ಫೆಬ್ರವರಿ 2025

ಡೆನ್ಜಿಲ್,

ಮದುವೆಯ ಗದ್ದಲ ಮುಗಿದು ನೀವೆಲ್ಲ ನಿದ್ದೆ ಮಾಡಿ ಎದ್ದಿರಬಹುದು ಎಂದು ಇಷ್ಟು ದಿನ ಬಿಟ್ಟು ಬರೆಯುತ್ತಿದ್ದೇನೆ.

ಆ ಶನಿವಾರ ನಾನು ಗೇಟಿನ ಹತ್ತಿರ ಆಟೋ ಇಳಿದಾಗ ಏನು ಮಾತಾಡಬೇಕೆಂದು ದಾರಿಯುದ್ದಕ್ಕೂ ಯೋಚಿಸಿದ್ದೆಲ್ಲ ಮರೆತೇ ಹೋಯಿತು. ನೀನು "ಬಂದೆಯಾ" ಎಂದೆ. ನಾನು "ಬಂದೆ" ಎಂದೆ. ನಾಲ್ಕು ವರ್ಷಗಳ ಮೇಲೆ ಇಷ್ಟೇ. ನಾನು ಕಂಬ ಹಿಡಿದೆ, ನೀನು ಮಣ್ಣು ತುಂಬಿದೆ. ನಿನ್ನ ತಲೆ ಪಪ್ಪನ ತಲೆಯ ಹಾಗೆಯೇ ಹಿಂದಿನಿಂದ ಬೋಳಾಗುತ್ತಿದೆ ಎಂದು ಮೇಲಿನಿಂದ ನೋಡಿ ತಿಳಿಯಿತು. ಪೂವಪ್ಪ ದೂರದಿಂದ, "ಅಕ್ಕ, ವಾಲಿದೆ, ವಾಲಿದೆ, ಎಡಕ್ಕೆ!" ಎಂದು ಕೂಗುತ್ತಿದ್ದರು. ಅಜ್ಜಿಯ ಕೆಲಸವನ್ನು ಅವರೇ ಮಾಡಿದರು.

ರೋಸ್ ದಿನ ಮೆಲಿಸಾಳ ಕೂದಲಲ್ಲಿ ತೆಂಗಿನ ಹಾಲು ಇಳಿಯುವಾಗ ಅವಳು ಕಣ್ಣು ಮುಚ್ಚಿ, ಹೆಂಗಸರ ಹಾಡಿನ ನಡುವೆ ಮೆಲ್ಲಗೆ, "ಆಂಟಿ, ತಣ್ಣಗೆ ಉಂಟು, ಬೇಗ ಹಾಕಿ" ಎಂದಳು. ನಾನು ಬೇಗ ಹಾಕಲಿಲ್ಲ. ಅವಳಿಗೆ ಆಮೇಲೆ ಶೀತವಾಯಿತೆಂದು ಡಾಲಿ ವೊನಿ ಹೇಳಿದರು. ಅದರ ಹೊಣೆ ನನ್ನದು.

ಈಗ ಒಂದು ದೂರು. ಮದುವೆಯಾಗಿ ಹದಿನೈದು ದಿನಗಳ ಒಳಗೆ ಗುಂಡಿಗಳನ್ನು ಮುಚ್ಚಿ ಜಾಗವನ್ನು ಮೊದಲಿನ ಸ್ಥಿತಿಗೆ ತರುತ್ತೇನೆಂದು ನೀನು ಬರೆದುಕೊಟ್ಟಿದ್ದೆ. ಚಪ್ಪರ ಬಿಚ್ಚಿ ಆಯಿತು, ಗುಂಡಿಗಳು ಬಾಯಿ ತೆರೆದು ಹಾಗೆಯೇ ಇವೆ, ರಿಯಾಝ್‌ನ ಬೆಕ್ಕು ಒಂದರಲ್ಲಿ ಮರಿ ಹಾಕಿದೆ ಎಂದು ವೊನಿಯಿಂದಲೇ ತಿಳಿಯಿತು. ನಳಿನಾಕ್ಷಿ ಈ ವಿಷಯದಲ್ಲಿ ನೆನಪೋಲೆ ಕಳುಹಿಸಲೇ ಎಂದು ಕೇಳಿದರು. ನಾನೇ ಬರೆಯುತ್ತೇನೆ ಎಂದೆ.

ಬೆಕ್ಕಿನ ಮರಿಗಳು ಕಣ್ಣು ಬಿಡುವ ತನಕ ಅವಧಿ ವಿಸ್ತರಿಸಲು ನನ್ನ ಅಭ್ಯಂತರವಿಲ್ಲ.

ಫಿಯೋನಾ


ಜೆಪ್ಪು
13 ಫೆಬ್ರವರಿ 2025

ಪ್ರೀತಿಯ ಬಾಯ್,

ನಿನ್ನನ್ನು ತಂಗಿ ಅಂತ ಕರೆಯಲು ನನಗೆ ಬರುವುದು ಈ ಕೊಂಕಣಿ ಶಬ್ದ ಒಂದೇ, ಮುಖೇಶ್ ಬೇಕಾದರೆ ಭಾಷಾಂತರ ಮಾಡಿಸಲಿ. ಮರಿಗಳು ಕಣ್ಣು ಬಿಟ್ಟಿವೆ. ಡಾಲಿ ಅವುಗಳನ್ನು ಬುಟ್ಟಿಗೆ ವರ್ಗಾಯಿಸಿದ್ದಾಳೆ. ಗುಂಡಿ ಇನ್ನೂ ಮುಚ್ಚಿಲ್ಲ. ಮುಚ್ಚದೆ ಇರಲು ನಿನ್ನ ಲಿಖಿತ ಒಪ್ಪಿಗೆ ಕೋರುತ್ತಿದ್ದೇನೆ. ಕಾರಣ ಬರೀತೇನೆ, ನಿಧಾನವಾಗಿ ಓದು.

ಆಗಸ್ಟ್‌ನ ನಿನ್ನ ಕಾಗದಕ್ಕೆ ನೀನೇ ಉತ್ತರ ಬೇಡ ಅಂದಿದ್ದೆ. ನನಗೂ ಉತ್ತರ ಗೊತ್ತಿರಲಿಲ್ಲ. ನಾನು ಅದನ್ನು ಬರೀ ಖಾಲಿ ಜಾಗ ಅಂತ ನೋಡಿದ್ದು. ಬಹರೈನ್‌ನಲ್ಲಿ ಇಪ್ಪತ್ತು ವರ್ಷ ಆಫೀಸು, ರೂಮು, ಆಫೀಸು. ಊರಿಗೆ ಬಂದ ಮೇಲೆ ಜಾಗ ಅಂದರೆ ಒಂದೋ ಕಟ್ಟಬೇಕು, ಇಲ್ಲ ಮಾರಬೇಕು ಅಂತಲೇ ತಲೆಗೆ ಹೋಗಿತ್ತು. ಮರದ ಕೆಳಗೆ ಕುರ್ಚಿ ಹಾಕುವುದು ಒಂದು ಉಪಯೋಗ ಅಂತ ಯೋಚಿಸಿರಲಿಲ್ಲ. ತಡೆಯಾಜ್ಞೆ ಬಂದು ಎಂತ ಮಾಡಲಿಕ್ಕೂ ಇಲ್ಲದೆ ಆದ ಮೇಲೆ ನಾನೂ ಸಂಜೆ ಅಲ್ಲಿ ಕೂರಲಿಕ್ಕೆ ಶುರು ಮಾಡಿದೆ. ಕೂರಬಾರದು ಅಂತ ಆರ್ಡರಿನಲ್ಲಿ ಇರಲಿಲ್ಲ.

ಪೂವಪ್ಪ ಗುಂಡಿ ಬೇಡ ಅಂದಾಗ ಮೊದಲು ನಾಚಿಕೆ ಆಯಿತು. ಆಮೇಲೆ ನೋಡಿದೆ, ನನ್ನ ಕೈಯಲ್ಲಿ ಒಂದು ಒಪ್ಪಿಗೆ ಉಂಟು. ನೆಲ ತೋಡಬಹುದು ಅಂತ ನೀನೇ ಸಹಿ ಹಾಕಿದ್ದು. ಅದು ಸುಮ್ಮನೆ ಹೋಗುವುದು ಯಾಕೆ? ನಿನ್ನ ಎರಡು ಕೋಣೆ, ಅಡಿಗೆಮನೆ, ಜಗಲಿ ಎಷ್ಟು ಜಾಗ ಹಿಡಿಯಬಹುದು ಎಂದು ಅಳೆದು ನೋಡಿದೆ. ನಾಲ್ಕು ಗುಂಡಿ ಅದರ ನಾಲ್ಕು ಮೂಲೆ. ನೀನು ಹಿಡಿದ ಕಂಬ ಪುಸ್ತಕದ ಕೋಣೆಯದ್ದು. ಕಿಟಕಿ ಅಲ್ಲಿಂದ ಎರಡು ಹೆಜ್ಜೆ ಈಚೆ ಬಂದರೆ ಮರ ಸರಿಯಾಗಿ ಕಾಣ್ತದೆ. ಬೇರಿನಿಂದ ದೂರ ಇಟ್ಟಿದ್ದೇನೆ, ಅದಕ್ಕೇ ಅಷ್ಟು ಸಲ ಗೂಟ ಕಿತ್ತದ್ದು.

ಕೇಸಿನ ವಿಷಯ. ಮುಖೇಶ್ ಮತ್ತು ನಳಿನಾಕ್ಷಿ ಮಾತಾಡಿದ್ದಾರೆ. ನಿನಗೆ ಮೊದಲು ನಾನೇ ಹೇಳಬೇಕೆಂದು ಅವರನ್ನು ತಡೆದಿದ್ದೆ. ಮುಂದಿನ ವಾಯಿದೆಯಲ್ಲಿ ರಾಜಿ ಅರ್ಜಿ ಹಾಕುವ. ಮರ ಇರುವ ಅರ್ಧ ನಿನ್ನ ಹೆಸರಿಗೆ, ಮನೆಗೆ ತಾಗಿದ ಅರ್ಧ ನನ್ನದು. ಮರ ಪೂರ್ತಿ ನಿನ್ನದೇ. ಕಾಯಿ ಮಾತ್ರ ಹಂಚಿಕೊಳ್ಳುವ, ಇಲ್ಲದಿದ್ದರೆ ಡಾಲಿ ನನ್ನನ್ನು ಬಿಡಲಿಕ್ಕಿಲ್ಲ. "ಎಂತ ಸಾರ್, ಗೆದ್ದ ಕೇಸನ್ನು ಬಿಟ್ಟುಕೊಡ್ತೀರಾ?" ಎಂದು ಮುಖೇಶ್ ಕೇಳಿದರು. ಕೋರ್ಟಿನ ಮುದ್ರೆ ಬೀಳುವ ತನಕ ತಡೆಯಾಜ್ಞೆ ಇರ್ತದೆ. ಅದುವರೆಗೆ ಒಂದು ಕಲ್ಲೂ ಇಡುವ ಹಾಗಿಲ್ಲ. ಯಥಾಸ್ಥಿತಿ. ಆದರೆ ಗುಂಡಿಯೂ ಯಥಾಸ್ಥಿತಿಯಲ್ಲಿ ಇರಲಿ ಎಂದು ನನ್ನ ಆಸೆ.

ಬಿಲ್ಡರ್ ಮೊನ್ನೆ ಮತ್ತೆ ಫೋನ್ ಮಾಡಿದ. ತಡೆಯಾಜ್ಞೆ ಎಲ್ಲಿಗೆ ಬಂತು ಎಂದು ಕೇಳಿದ. ನಾನು ತಡೆಯಾಜ್ಞೆಯ ಸುದ್ದಿಯೇ ತೆಗೆಯಲಿಲ್ಲ. ನಾನು ಮಾರುವುದಿಲ್ಲ ಅಂತ ಹೇಳಿದೆ.

ನಿನ್ನ
ಬಾಬ್


ಮಣ್ಣಗುಡ್ಡ
17 ಫೆಬ್ರವರಿ 2025

ಪ್ರೀತಿಯ ಬಾಬ್,

ಗುಂಡಿ ಮುಚ್ಚಬೇಡ. ಇದು ನನ್ನ ಲಿಖಿತ ಒಪ್ಪಿಗೆ. ಮುಖೇಶ್‌ಗೆ ತೋರಿಸಬಹುದು, ಫೈಲಿನಲ್ಲಿ ಇಡಬಹುದು.

ನಿನ್ನ ಕಾಗದ ಓದಿ ಎದ್ದು ಒಂದು ರಟ್ಟಿನ ಪೆಟ್ಟಿಗೆ ಬಿಚ್ಚಿದೆ. ಮೇಲೆಯೇ ಒಂದು ಹಳೆಯ ಕವನ ಸಂಕಲನ ಇತ್ತು, ಪುಟಗಳು ಒಂದಕ್ಕೊಂದು ಅಂಟಿಕೊಂಡಿದ್ದವು. ಮೆಲ್ಲಗೆ ಬಿಡಿಸಿ ಗಟ್ಟಿಯಾಗಿ ಓದಿದೆ. ಮೆಟ್ಟಿಲಿನಿಂದ, "ಮಿಸ್, ಯಾರಾದ್ರೂ ಬಂದಿದ್ದಾರಾ?" ಎಂದು ಕೇಳಿದರು. "ಹೌದು, ಅಣ್ಣ" ಎಂದೆ.

ಕಿಟಕಿಯನ್ನು ಎರಡು ಹೆಜ್ಜೆ ಅಲ್ಲ, ಒಂದೂವರೆ ಹೆಜ್ಜೆ ಈಚೆ ಇಡಬೇಕು. ಕಂಬ ಹಿಡಿದು ನಿಂತಾಗ ನಾನೂ ಅಲ್ಲಿಂದ ಮರ ನೋಡಿದ್ದೆ. ಈ ಬಗ್ಗೆ ನಾವು ಜಗಳವಾಡಬೇಕಾಗುತ್ತದೆ. ಅದನ್ನು ಕನ್ನಡದಲ್ಲಿ ಆಡಲು ನನಗಾಗುವುದಿಲ್ಲ. ನಾಳೆ ಸಂಜೆ ಜೆಪ್ಪುವಿಗೆ ಬರುತ್ತೇನೆ. ಮರದ ಕೆಳಗೆ ಎರಡು ಕುರ್ಚಿ ಹಾಕಿಡು.

ನಿನ್ನ
ಬಾಯ್